ತಡೆದುಕೊಂಡ ಕೆಮ್ಮು

ಪರದೆಯ ಮೇಲೆ ದರ್ಜಿಯಮ್ಮ ಹದಿನಾಲ್ಕು ಸೆಕೆಂಡು ಸುಮ್ಮನೆ ಕೂತಿದ್ದರು. ಅದಕ್ಕೆ ತುಸು ಮೊದಲು ನಮ್ಮ ನಿರ್ದೇಶಕರ ದನಿ ಕೇಳಿಸಿತ್ತು: “ನಿಮ್ಮ ಮಗ ಏನು ಮಾಡೋಕೆ ಹೊರಟಿದಾನೆ ಅಂತ ನಿಮಗೆ ಮೊದಲೇ ಗೊತ್ತಿತ್ತಾ ಅಮ್ಮಾ?” ಆಮೇಲೆ ಮಾತೇ ಇಲ್ಲ. ತಗ್ಗಿದ ಕಣ್ಣು, ಬಿಗಿದ ತುಟಿ, ಕೆನ್ನೆಯಲ್ಲೊಂದು ಸಣ್ಣ ಅದುರು, ನಿಧಾನವಾಗಿ ತುಂಬಿಕೊಳ್ಳುವ ಕಣ್ಣೀರು. ಅಲ್ಲಿಂದ ಚಿತ್ರ ಮಾರುಕಟ್ಟೆಯ ಸುಟ್ಟು ಕರಕಲಾದ ಗೋಡೆಗೆ ಹಾರಿತು.

“ಹೇಗಿದೆ?” ಎಂದು ಕತ್ತರಿ ಕುರ್ಚಿಯನ್ನು ನನ್ನ ಕಡೆ ತಿರುಗಿಸಿದ. ಅವನು ಎಡಿಟರ್. ಶೂಟಿಂಗ್ ಮಾಡಿ ತಂದದ್ದನ್ನೆಲ್ಲ ಕತ್ತರಿಸಿ ಜೋಡಿಸುವವನು, ಹಾಗಾಗಿ ಆ ಹೆಸರು. ನಾನು ಸದ್ದು ಹಿಡಿಯುವವಳು. ನನ್ನನ್ನು ಎಲ್ಲರೂ ಕಿವಿ ಎಂದೇ ಕರೆಯುತ್ತಾರೆ. “ಮೈ ಜುಮ್ ಅನ್ನಲ್ವಾ ಕಿವಿ? ಒಂದು ಮಾತೂ ಬೇಕಾಗಿಲ್ಲ. ಆಯಮ್ಮನ ಮುಖಾನೇ ಎಲ್ಲಾ ಒಪ್ಕೊಂಡ್ಬಿಡುತ್ತೆ.”

“ಇನ್ನೊಂದ್ಸಲ ಹಾಕು,” ಎಂದೆ.

ಹಾಕಿದ. ಪ್ರಶ್ನೆ ಕೇಳುವಾಗ ದರ್ಜಿಯಮ್ಮನ ಕೊರಳಲ್ಲಿ ಅಳತೆಯ ಟೇಪು ಜೋತಾಡುತ್ತಿತ್ತು. ಮೌನ ಶುರುವಾದ ಕೂಡಲೇ ಕೊರಳೇ ಮಾಯ. ಪರದೆಯ ತುಂಬ ಗಲ್ಲದಿಂದ ಹಣೆಯವರೆಗಿನ ಮುಖ ಮಾತ್ರ. ನನಗೆ ಯಾವಾಗಲೂ ಮೊದಲ ಅನುಮಾನ ನನ್ನ ಮೇಲೇ. ನೆನಪು ಮೋಸ ಮಾಡುತ್ತಿರಬಹುದು, ಬೇರೆ ದಿನದ್ದಿರಬಹುದು ಎಂದುಕೊಂಡು ಚೀಲದಿಂದ ನೋಟ್‌ಬುಕ್ ತೆಗೆದೆ. ಹಿಡಿದ ಪ್ರತಿ ಸದ್ದನ್ನೂ ಸಂಖ್ಯೆ ಹಾಕಿ ಬರೆದಿಡುವುದು ಸಂಜೆ ತರಗತಿಯಲ್ಲಿ ಕಲಿತ ಪಾಠ. ಹಗಲೆಲ್ಲ ಗೋದಾಮಿನಲ್ಲಿ ಪೆಟ್ಟಿಗೆ ಕಟ್ಟಿ, ಸಂಜೆ ಹೋಗಿ ಕಲಿತದ್ದು. ಅಲ್ಲಿ ಕಲಿತ ಯಾವುದನ್ನೂ ಬಿಡಲು ನನಗೆ ಧೈರ್ಯವಿಲ್ಲ.

ಇಪ್ಪತ್ತೇಳನೇ ಫೈಲು. ಟೈಲರ್ ಅಂಗಡಿ. ರೂಮ್ ಟೋನ್. ಒಂದು ನಿಮಿಷ. ಕೊನೆಯಲ್ಲಿ ಕೆಮ್ಮು.

ನನ್ನದೇ ಅಕ್ಷರ. ಮೈಯೆಲ್ಲ ಉರಿದುಹೋಯಿತು.

ಯಾವ ಕೋಣೆಯೂ ಪೂರ್ತಿ ನಿಶ್ಶಬ್ದವಲ್ಲ. ಟ್ಯೂಬ್‌ಲೈಟಿನ ಗುಂಯ್, ಪಕ್ಕದ ಗೋಡೆಯಾಚೆಯ ಫ್ರಿಜ್ಜು, ದೂರದ ರಸ್ತೆ, ಎಲ್ಲ ಸೇರಿ ಪ್ರತಿ ಕೋಣೆಗೂ ಅದರದ್ದೇ ಒಂದು ಸದ್ದಿರುತ್ತದೆ. ಮಾತುಗಳನ್ನು ಕತ್ತರಿಸಿ ಜೋಡಿಸುವಾಗ ನಡುವೆ ಬೀಳುವ ತೂತು ಮುಚ್ಚಲು ಆ ಸದ್ದು ಬೇಕು. ಅದಕ್ಕೇ ಸಂದರ್ಶನ ಮುಗಿದ ಮೇಲೆ ಎಲ್ಲರನ್ನೂ ಒಂದು ನಿಮಿಷ ಅಲ್ಲಾಡದೆ ಕೂರಿಸಿ, ಬರಿಯ ಕೋಣೆಯನ್ನು ರೆಕಾರ್ಡ್ ಮಾಡಿಕೊಳ್ಳುತ್ತೇವೆ. ರೂಮ್ ಟೋನ್ ಎನ್ನುವುದು ಅದಕ್ಕೇ. ಅದು ಯಾರ ಮಾತೂ ಅಲ್ಲ, ಯಾರ ಮೌನವೂ ಅಲ್ಲ.

ಎರಡು ತಿಂಗಳ ಹಿಂದೆ ದರ್ಜಿಯಮ್ಮನ ಅಂಗಡಿಯಲ್ಲಿ ಆ ಒಂದು ನಿಮಿಷವನ್ನು ಕೇಳಿ ಪಡೆದವಳು ನಾನು.

ಎರಡು ಕಟ್ಟಡಗಳ ನಡುವೆ ಸಿಕ್ಕಿಕೊಂಡ ಓಣಿಯಂಥ ಅಂಗಡಿ ಅದು. ಒಂದು ಹೊಲಿಗೆ ಯಂತ್ರ, ಒಂದು ನಿಲುಗನ್ನಡಿ, ಸೀಮೆಸುಣ್ಣದ ಚೂರುಗಳ ಡಬ್ಬಿ, ತಂತಿಗೆ ನೇತುಹಾಕಿದ ಪ್ಯಾಂಟುಗಳ ಕಾಲಿಗೆ ಪಿನ್ನು ಚುಚ್ಚಿದ ಚೀಟಿ. ಹೊಸ ಬಟ್ಟೆ ಹೊಲಿಸುವವರು ಬರುವುದು ನಿಂತೇಹೋಗಿತ್ತು. ಉದ್ದ ಕಡಿಮೆ ಮಾಡಿಸುವವರು, ಜಿಪ್ ಹಾಕಿಸುವವರು ಇನ್ನೂ ಇದ್ದರು. ಅವರೂ ತಾವೇ ಬರದೆ ಬೇರೆಯವರ ಕೈಯಲ್ಲಿ ಕಳಿಸುತ್ತಿದ್ದರು. ಹತ್ತೊಂಬತ್ತು ಜನರನ್ನು ಕೊಂದವನ ತಾಯಿಯ ಮುಂದೆ ತೋಳು ಚಾಚಿ ಅಳತೆ ಕೊಡುವುದು ಯಾರಿಗೂ ಬೇಕಿರಲಿಲ್ಲ.

ಮಗನಿಗೆ ಇಪ್ಪತ್ತಮೂರು. ಗಡಿಯಾಚೆಯ ಯುದ್ಧದ ವಿಡಿಯೋಗಳನ್ನು ನೋಡಿ ನೋಡಿ, ಅಲ್ಲಿ ಸತ್ತವರ ಸೇಡನ್ನು ಇಲ್ಲಿ ತೀರಿಸುತ್ತೇವೆನ್ನುವ ಗುಂಪೊಂದಕ್ಕೆ ಸೇರಿದ್ದ. ಒಂದು ಬೆಳಿಗ್ಗೆ ತರಕಾರಿ ಮಾರುಕಟ್ಟೆಯ ಮಧ್ಯೆ ನಿಂತು ತನ್ನನ್ನೂ ಸುತ್ತಲಿದ್ದವರನ್ನೂ ಸಿಡಿಸಿಬಿಟ್ಟ. ಸತ್ತವರಲ್ಲಿ ಒಬ್ಬಾಕೆ ಒಬ್ಬ ಬಸ್ ಡ್ರೈವರನ ಹೆಂಡತಿ. ನಮ್ಮ ಸಾಕ್ಷ್ಯಚಿತ್ರ ಈ ಎರಡು ಮನೆಗಳದ್ದು: ಕೊಂದವನ ತಾಯಿ, ಸತ್ತವಳ ಗಂಡ.

ದರ್ಜಿಯಮ್ಮ ಸುಲಭಕ್ಕೆ ಒಪ್ಪಿದವರಲ್ಲ. ಎರಡು ಸಲ ನಮ್ಮ ಮುಖದ ಮೇಲೇ ಬಾಗಿಲು ಹಾಕಿದ್ದರು. ಕೊನೆಗೆ ಒಪ್ಪಿದ್ದಕ್ಕೆ ಕಾರಣ ಒಂದೇ. ಅದನ್ನು ನಿರ್ದೇಶಕರಿಗೆ ನಮ್ಮೆಲ್ಲರೆದುರೇ ಹೇಳಿದ್ದರು.

“ಆ ಡ್ರೈವರಪ್ಪ ದಿನಕ್ಕೆ ನಾಲ್ಕು ಸಲ ಈ ಬೀದೀಲೇ ಬಸ್ ಓಡಿಸ್ಕೊಂಡು ಹೋಗ್ತಾರೆ. ನನ್ನ ಅಂಗಡಿ ಬಂದ್ರೆ ದವಡೆ ಬಿಗಿ ಹಿಡೀತಾರೆ, ಇಲ್ಲಿಂದಾನೇ ಕಾಣುತ್ತೆ ನನಗೆ. ಹಿಡೀಲಿ, ನ್ಯಾಯವೇ. ಆದ್ರೆ ನಾನು ಕೈ ಕಟ್ಕೊಂಡು ಕೂತಿರಲಿಲ್ಲ ಅಂತ ಅವರೊಬ್ಬರಿಗೆ ಗೊತ್ತಾಗ್ಬೇಕು. ಬೇರೆಯವರು ಏನಾದ್ರೂ ಅಂದ್ಕೊಳ್ಲಿ. ನಾನೇ ಹೋಗಿ ಹೇಳೋಕೆ ನನಗೆ ಮುಖ ಇಲ್ಲ. ನಿಮ್ಮ ಸಿನಿಮಾ ಹೇಳ್ಲಿ.”

“ಹೇಳುತ್ತೆ ಅಮ್ಮಾ,” ಎಂದು ನಿರ್ದೇಶಕರು ಆಕೆಯ ಎರಡೂ ಕೈ ಹಿಡಿದು ಮಾತು ಕೊಟ್ಟಿದ್ದರು. ನನ್ನ ಹೆಡ್‌ಫೋನಿನಲ್ಲಿ ಆ ಮಾತು ಕಿವಿಯ ಪಕ್ಕದಲ್ಲೇ ಹೇಳಿದಷ್ಟು ಸ್ಪಷ್ಟವಾಗಿತ್ತು.

ಮೊದಲೇ ಗೊತ್ತಿತ್ತಾ ಎಂದು ಕೇಳಿದಾಗ ಆಕೆ ಒಂದು ಕ್ಷಣವೂ ತಡೆಯಲಿಲ್ಲ.

“ಗೊತ್ತಿತ್ತು,” ಎಂದರು. “ಒಂದಿನ ದಪ್ಪ ಕ್ಯಾನ್‌ವಾಸ್ ಬಟ್ಟೆ ತಂದು, ಒಳಗಡೆ ಎಂಟು ಜೇಬಿರೋ ಕೋಟು ಹೊಲ್ಕೊಡಮ್ಮ ಅಂದ. ರಿಪೇರಿ ಸಾಮಾನು ಇಡೋಕಂತೆ. ಎರಡು ಜೇಬು ಹೊಲ್ದೆ. ಮೂರನೇದಕ್ಕೆ ಬಂದಾಗ ನನ್ನ ಕೈ ನಿಂತೋಯ್ತು. ಮೂವತ್ತು ವರ್ಷದಿಂದ ಜೇಬು ಹೊಲೀತಿದೀನಿ, ಯಾವ ಜೇಬು ಯಾವುದಕ್ಕೆ ಅಂತ ನನಗೆ ಗೊತ್ತಾಗಲ್ವಾ? ಅರ್ಧ ಹೊಲ್ದಿದ್ದನ್ನ ಚೀಲಕ್ಕೆ ಹಾಕ್ಕೊಂಡು ಪೊಲೀಸ್ ಠಾಣೆಗೆ ಹೋದೆ. ‘ಮಗನ ಕೋಟಿಗೆ ಜೇಬು ಜಾಸ್ತಿ ಆಯ್ತಂತೆ, ಕೇಸ್ ಹಾಕೋಣ್ವಾ?’ ಅಂತ ನಕ್ಕರು. ಎರಡನೇ ಸಲ ಹೋದೆ. ಬಿಟ್ಟೋಗಿ, ನೋಡ್ತೀವಿ ಅಂತ ಕೋಟು ಇಟ್ಕೊಂಡ್ರು, ಒಂದು ಚೀಟೀನೂ ಕೊಡ್ಲಿಲ್ಲ. ಮೂರನೇ ಸಲ ಹೋದ್ರೆ ಯಾವ ಕೋಟು ಅಂದ್ರು. ಮಗ ಅಷ್ಟರಲ್ಲಿ ಮನೆ ಬಿಟ್ಟಿದ್ದ. ಅದಾಗಿ ಹನ್ನೊಂದು ದಿನಕ್ಕೆ...” ಆಕೆ ಮಾರುಕಟ್ಟೆ ಇದ್ದ ದಿಕ್ಕಿಗೆ ಕೈ ಮಾಡಿದರು.

ಇದಾದ ಮೇಲೇ ನಾನು ರೂಮ್ ಟೋನ್ ಕೇಳಿದ್ದು. ಮಾತು ಮುಗಿಸಿದ ಆಕೆ ಕೊರಳಿನ ಟೇಪು ತೆಗೆದು ಮೇಜಿನ ಮೇಲೆ ಇಟ್ಟಿದ್ದರು.

“ಅಮ್ಮಾ, ಒಂದೇ ಒಂದು ನಿಮಿಷ ಸುಮ್ಮನೆ ಕೂತಿರ್ತೀರಾ? ಈ ಕೋಣೆ ಸದ್ದು ಹಿಡ್ಕೋಬೇಕು.”

“ಕೋಣೇದಾ? ನನ್ನ ಮಾತು ಸಾಲ್ದೆ ಗೋಡೆ ಮಾತೂ ಬೇಕಾ ನಿಮಗೆ?” ಅಷ್ಟು ಹೇಳಿಕೊಂಡ ಮೇಲೂ ಆಕೆ ತಮಾಷೆ ಮಾಡಿದ್ದು ಕಂಡು ನನಗೆ ಸಂಕಟವಾಯಿತು. “ಉಸಿರಾಡ್ಬಹುದೋ ಇಲ್ವೋ?”

“ಉಸಿರಾಡಿ ಅಮ್ಮಾ. ಅಲ್ಲಾಡ್ಬೇಡಿ, ಅಷ್ಟೇ.”

ಅರ್ಧ ನಿಮಿಷವಾಗಿತ್ತೋ ಇಲ್ಲವೋ, ಬಟ್ಟೆಯ ಎಳೆಯೊಂದು ಗಂಟಲಿಗೆ ಹೋಗಿರಬೇಕು, ಆಕೆಗೆ ಕೆಮ್ಮು ಬಂತು. ನನ್ನ ರೆಕಾರ್ಡಿಂಗ್ ಕೆಡಬಾರದೆಂದು ತಡೆದುಕೊಂಡರು. ತುಟಿ ಬಿಗಿದರು, ತಲೆ ತಗ್ಗಿಸಿದರು, ಕೆನ್ನೆ ಅದುರಿತು, ಕಣ್ಣಲ್ಲಿ ನೀರು ತುಂಬಿತು. ನಿಮಿಷ ಮುಗಿಯುವುದಕ್ಕೂ ಕೆಮ್ಮು ಸಿಡಿಯುವುದಕ್ಕೂ ಸರಿಹೋಯಿತು. ಕೆಮ್ಮಿ ಕೆಮ್ಮಿ, ನಾನು ಕೊಟ್ಟ ನೀರು ಕುಡಿದು, “ಇನ್ನರ್ಧ ನಿಮಿಷ ಆಗಿದ್ರೆ ನಿನ್ನ ಮಿಷನ್ ಮುಂದೇನೇ ಸಾಯ್ತಿದ್ದೆ ಕಣಮ್ಮ,” ಎಂದು ನಕ್ಕರು.

ಕ್ಯಾಮೆರಾ ನಿಲ್ಲಿಸಿರಲಿಲ್ಲ. ರೂಮ್ ಟೋನ್ ಹೊತ್ತಿಗೆ ಯಾರೂ ಅದನ್ನು ಗಮನಿಸುವುದಿಲ್ಲ, ನಾನೂ ಗಮನಿಸಲಿಲ್ಲ.

“ಇದು ಉತ್ತರ ಅಲ್ಲ,” ಎಂದು ನೋಟ್‌ಬುಕ್ಕನ್ನು ಕತ್ತರಿಯ ಮುಂದೆ ಹಿಡಿದೆ. “ರೂಮ್ ಟೋನು. ಆಕೆ ಕೆಮ್ಮು ತಡ್ಕೊಂಡಿದ್ದು.”

“ಗೊತ್ತು,” ಎಂದ ಕತ್ತರಿ.

ಗೊತ್ತಿಲ್ಲದೆ ಆದ ತಪ್ಪೇನೋ ಎಂಬ ಒಂದು ಎಳೆ ಆಸೆ ನನಗಿತ್ತು. ಅದೂ ಹೋಯಿತು. “ಗೊತ್ತಿದ್ದೇ ಟೇಪು ಕಾಣದ ಹಾಗೆ ಮುಖ ಹತ್ತಿರ ತಂದ್ಯಾ?”

“ಇಲ್ಲಾಂದ್ರೆ ಕೊರಳಿನ ಟೇಪು ಇದ್ದಕ್ಕಿದ್ದ ಹಾಗೆ ಎಲ್ಲಿ ಹೋಯ್ತು ಅಂತ ನೋಡೋರು ಕೇಳಲ್ವಾ?”

“ಇದ್ದಕ್ಕಿದ್ದ ಹಾಗೆ ಆಕೆ ಉತ್ತರ ಎಲ್ಲಿ ಹೋಯ್ತು ಅಂತ ಕೇಳಲ್ವಾ?”

“ನನ್ನ ಮೇಲೆ ಯಾಕೆ ಹರಿಹಾಯ್ತೀಯಾ ತಾಯಿ, ಸರ್ ಹೇಳಿದ್ದನ್ನ ಮಾಡಿದೀನಿ.”

ನಿರ್ದೇಶಕರು ಪಕ್ಕದ ಕೋಣೆಯಿಂದ ಬಂದರು. ಅವರು ಎತ್ತರದ ದನಿಯಲ್ಲಿ ಮಾತಾಡಿದ್ದನ್ನು ನಾನು ಕೇಳಿಲ್ಲ. ಅವರಿಗೆ ಹೆಸರು ಬಂದಿದ್ದೇ ಒಳ್ಳೆಯತನದಿಂದ. ಬೇರೆಯವರು ಶೂಟಿಂಗಿಗೆ ಮೊದಲೇ ಒಪ್ಪಿಗೆಯ ಹಾಳೆಗೆ ಸಹಿ ಹಾಕಿಸಿಕೊಂಡುಬಿಡುತ್ತಾರೆ. ಇವರು ಹಾಗಲ್ಲ. ಮುಗಿದ ಚಿತ್ರವನ್ನು ಮನೆಯವರಿಗೆ ತೋರಿಸಿ, ಅವರು ಒಪ್ಪಿದ ಮೇಲೇ ಸಹಿ. ಆ ನಿಯಮದ ಬಗ್ಗೆ ಅವರು ಭಾಷಣ ಮಾಡುವುದನ್ನು ಕೇಳಿಯೇ ನಾನು ಅವರ ಬಳಿ ಕೆಲಸಕ್ಕೆ ಸೇರಿದ್ದು. ದರ್ಜಿಯಮ್ಮ ಮಾತ್ರ ಅವರು ಕೊಟ್ಟ ಮಾತನ್ನು ನಂಬಿ, ಚಿತ್ರ ಮುಗಿಯುವವರೆಗೂ ಕಾಯದೆ ಅಂದೇ ಸಹಿ ಹಾಕಿಕೊಟ್ಟಿದ್ದರು.

“ಆಕೆ ಉತ್ತರ ಹಾಕೋಕೆ ಆಗಲ್ಲ ಕಿವಿ,” ಎಂದರು. “ಚಿತ್ರ ಪ್ರಸಾರ ಮಾಡೋ ವಾಹಿನಿಯ ವಕೀಲರು ಠಾಣೆಗೆ ಬರೆದು ಕೇಳಿದ್ರು. ಅಂಥಾ ಹೆಂಗಸು ಬಂದಿದ್ದು ದಾಖಲೆಯಲ್ಲೇ ಇಲ್ಲ ಅಂತ ಉತ್ತರ ಬಂದಿದೆ. ಸಾಕ್ಷಿ ಇಲ್ಲದ ಆರೋಪ ಪ್ರಸಾರ ಮಾಡಿದ್ರೆ ನಾಳೆ ಎಲ್ಲರೂ ಕೋರ್ಟಿನಲ್ಲಿರ್ತೀವಿ.”

“ಸರಿ ಸರ್. ಹಾಗಾದ್ರೆ ಪ್ರಶ್ನೆನೂ ತೆಗೆದುಬಿಡಿ.”

“ಪ್ರಶ್ನೆ ತೆಗೆದ್ರೆ ಚಿತ್ರಾನೇ ಇಲ್ಲ.”

“ಪ್ರಶ್ನೆ ಇಟ್ಟು ಉತ್ತರ ತೆಗೆದ್ರೆ ಆಕೆ ತಲೆ ಮೇಲೆ ಗೂಬೆ ಕೂರಿಸಿದ ಹಾಗಲ್ವಾ? ನಾನು ಠಾಣೆಗೆ ಹೋಗಿದ್ದೆ ಅಂತ ಆ ಡ್ರೈವರಿಗೆ ತಿಳೀಲಿ ಅಂತ ತಾನೇ ಆಕೆ ಬಾಯಿ ಬಿಟ್ಟಿದ್ದು? ನೀವು ಮಾತು ಕೊಟ್ಟಿದ್ರಿ.”

ಅವರು ನನ್ನ ಭುಜದ ಮೇಲೆ ಕೈಯಿಟ್ಟರು. “ಮೌನಕ್ಕೂ ಒಂದು ಸತ್ಯ ಇರುತ್ತೆ. ಆಕೆ ಒಳಗಿನ ನೋವು ಆ ಮುಖದಲ್ಲಿ ಇಲ್ವಾ? ಹೇಳು.”

“ಇರಬಹುದು ಸರ್. ಆದ್ರೆ ಆ ಮೌನ ಅವರದ್ದಲ್ಲ. ನಾನು ಕೇಳಿ ಇಸ್ಕೊಂಡಿದ್ದು.”

ಕೈ ತೆಗೆದರು. “ನೀನು ತುಂಬ ದಣಿದಿದೀಯ. ಗುರುವಾರ ಡ್ರೈವರಿಗೆ ಚಿತ್ರ ತೋರಿಸ್ತಾ ಇದೀವಿ. ಅವರು ನೋಡೋದನ್ನೂ ಶೂಟ್ ಮಾಡ್ಬೇಕು. ಆ ಮೌನ ನೋಡ್ದಾಗ ಅವರ ಮುಖ ಹೇಗಾಗುತ್ತೋ, ಅದೇ ನಮ್ಮ ಕೊನೇ ದೃಶ್ಯ. ಮೈಕು ಹತ್ತಿರ ಇಡು. ಉಸಿರೂ ಕೇಳಿಸ್ಬೇಕು.”

ಎರಡು ದಿನ ನನ್ನ ಸಿಟ್ಟು ಇಳಿಯಲಿಲ್ಲ. ಎಲ್ಲಕ್ಕಿಂತ ಹೆಚ್ಚು ಕೆರಳಿಸಿದ್ದು ಅವರ ಮೆತ್ತನೆಯ ದನಿ. ಆ ಗುಂಪಿನವರು ಆಕೆಯ ಮಗನನ್ನು ಕಿತ್ತುಕೊಂಡರು, ಠಾಣೆಯವರು ದೂರನ್ನು ಗಾಳಿಗೆ ತೂರಿದರು. ಉಳಿದಿದ್ದ ಒಂದು ಮಾತನ್ನು ನಾವು ತೆಗೆದುಕೊಂಡು, ಅದರ ಜಾಗದಲ್ಲಿ ತಪ್ಪೊಪ್ಪಿಗೆ ಇಟ್ಟೆವು. ಅದಕ್ಕೆ ಸಂಗೀತವನ್ನೂ ಹಾಕಲಿದ್ದೇವೆ. ಹೀಗೆ ಕುದಿಯುತ್ತಿರುವಾಗಲೇ ಇನ್ನೊಂದು ಯೋಚನೆ ಬರುತ್ತಿತ್ತು: ವಕೀಲರು ಹೇಳಿದ್ದರಲ್ಲಿ ನಿಜವಿದ್ದರೆ? ಆಕೆ ಹೋಗಿಯೇ ಇರದಿದ್ದರೆ? ಹಿಡಿದದ್ದು ಸದ್ದು ಮಾತ್ರ; ಅದರೊಳಗಿನ ನಿಜಕ್ಕೆ ನಾನು ಯಾವ ಸೀಮೆಯ ಸಾಕ್ಷಿ? ಎಷ್ಟು ತಿರುಗಿಸಿದರೂ ಕೊನೆಗೆ ಒಂದೇ ಕಡೆ ಬಂದು ನಿಲ್ಲುತ್ತಿದ್ದೆ. ಆಕೆ ಹೇಳಿದ್ದು ನಿಜವೋ ಸುಳ್ಳೋ, ಹೇಳಿದ್ದಂತೂ ಹೌದು. ಸುಮ್ಮನಿದ್ದರು ಎಂಬುದು ಶುದ್ಧ ಸುಳ್ಳು, ಮತ್ತು ಅದು ನನ್ನ ಮೈಕಿನಿಂದ ಹುಟ್ಟಿದ ಸುಳ್ಳು.

ಗುರುವಾರ ಹೊರಡುವಾಗ ಆಕೆಯ ಉತ್ತರವಿದ್ದ ಫೈಲನ್ನು ರೆಕಾರ್ಡರಿನಲ್ಲಿ ಹಾಕಿಕೊಂಡು, ಒಂದು ಚಿಕ್ಕ ಸ್ಪೀಕರನ್ನೂ ಚೀಲಕ್ಕೆ ಸೇರಿಸಿದೆ. ಕೇಳಿಸುವ ಧೈರ್ಯ ಬರುತ್ತದೆಂದು ನಂಬಿರಲಿಲ್ಲ.

ಒಂದು ಗ್ರಂಥಾಲಯದ ಮೇಲಂತಸ್ತಿನ ಓದುವ ಕೋಣೆಯನ್ನು ಮಧ್ಯಾಹ್ನಕ್ಕೆ ತೆಗೆದುಕೊಂಡಿದ್ದರು. ಕಿಟಕಿಗಳ ಪರದೆ ಎಳೆದು, ಮೇಜುಗಳನ್ನು ಗೋಡೆಗೆ ಒತ್ತರಿಸಿ, ಮಧ್ಯೆ ಒಂದೇ ಕುರ್ಚಿ. ಡ್ರೈವರು ಎರಡು ಟ್ರಿಪ್ಪುಗಳ ನಡುವಿನ ಬಿಡುವಿನಲ್ಲಿ ಸಮವಸ್ತ್ರದಲ್ಲೇ ಬಂದಿದ್ದರು. ಐವತ್ತರ ಆಸುಪಾಸಿನ ದಪ್ಪ ಮೈಯ ಮನುಷ್ಯ. ಅವರ ಅಂಗಿಗೆ ಮೈಕು ಸಿಕ್ಕಿಸಲು ನನಗೆ ಮೂರು ಸಲ ಬೇಕಾಯಿತು.

“ಏನಮ್ಮಾ, ನಾನು ನೋಡೋ ಚಿತ್ರಕ್ಕೆ ನೀನು ಯಾಕೆ ಹೆದರ್ಕೊಂಡಿದೀಯ?” ಎಂದರು.

“ಅಭ್ಯಾಸ ಅಣ್ಣಾ,” ಎಂದೆ.

ಚಿತ್ರ ಶುರುವಾಯಿತು. ಹೆಂಡತಿಯ ಫೋಟೋ ಬಂದಾಗ ಅವರು ಕುರ್ಚಿಯ ಕೈಯನ್ನು ಹಿಡಿದುಕೊಂಡರು. ತಮ್ಮದೇ ಮಾತು ಬಂದಾಗ ತಲೆ ತಗ್ಗಿಸಿದರು. ಆಮೇಲೆ ದರ್ಜಿಯಮ್ಮನ ಅಂಗಡಿ. ಪ್ರಶ್ನೆ. ಹದಿನಾಲ್ಕು ಸೆಕೆಂಡು.

ಹೆಡ್‌ಫೋನಿನಲ್ಲಿ ಅವರ ಉಸಿರು ಬಿರುಸಾಗುವುದು ಕೇಳಿತು. “ನೋಡಿದ್ರಾ,” ಎಂದರು ಯಾರಿಗೆಂದಿಲ್ಲದೆ. “ಬಾಯೇ ಬಿಡ್ಲಿಲ್ಲ. ಎಲ್ಲಾ ಗೊತ್ತಿತ್ತು ಇವಳಿಗೆ. ಗೊತ್ತಿದ್ದೂ ತೆಪ್ಪಗಿದ್ಲು.”

ಕ್ಯಾಮೆರಾದ ಹಿಂದೆ ನಿರ್ದೇಶಕರು ಕಣ್ಣು ಮುಚ್ಚಿ ತಲೆಯಾಡಿಸಿದರು, ಬೇಕಾದ್ದು ಸಿಕ್ಕಿತು ಎಂಬಂತೆ. ಅದನ್ನು ಕಂಡದ್ದೇ ನನಗೆ ತಡೆಯಲಾಗಲಿಲ್ಲ. ಹೆಡ್‌ಫೋನ್ ಕಿತ್ತು ಎದ್ದು ಹೋಗಿ ಚಿತ್ರ ನಿಲ್ಲಿಸಿದೆ.

“ಅಣ್ಣಾ, ಅವರು ಸುಮ್ಮನಿರಲಿಲ್ಲ. ಸುಮ್ಮನಿರಿ ಅಂದವಳು ನಾನು.”

“ಕಿವಿ, ಹೊರಗೆ ನಡಿ,” ಎಂದರು ನಿರ್ದೇಶಕರು. ಆಗಲೂ ಮೆತ್ತಗೇ.

“ಎಲ್ಲಾ ಮುಗಿದ ಮೇಲೆ ಕೋಣೆ ಸದ್ದು ಹಿಡಿಯೋಕೆ ಒಂದು ನಿಮಿಷ ಕೂರಿಸಿದ್ದೆ. ಅದನ್ನ ತಂದು ಇಲ್ಲಿ ಅಂಟಿಸಿದಾರೆ. ಅವರು ಹೇಳಿದ್ದು ಬೇರೆ ಇದೆ. ಅವರು ಬಂದಿದ್ದು ದಾಖಲೆಯಲ್ಲಿಲ್ಲ ಅಂತ ಠಾಣೆಯವರು ಅಂದ್ರಂತೆ, ಅದಕ್ಕೇ ಅದನ್ನ ತೆಗೆದಿದಾರೆ.” ನನ್ನ ದನಿ ನನಗೇ ಅಸಹ್ಯವಾಗುವಷ್ಟು ಕೀರಲಾಗಿತ್ತು.

“ಅದನ್ನ ಕೇಳಿಸೋ ಹಕ್ಕು ನಿನಗಿಲ್ಲ.”

“ಸುಮ್ಮನಿರಿ ಸ್ವಾಮಿ,” ಎಂದರು ಡ್ರೈವರು. “ನನ್ನ ಹೆಂಡ್ತಿ ವಿಷಯ ಇದು. ಹಾಕಮ್ಮ.”

ಹಾಕಿದೆ. ಚಿಕ್ಕ ಸ್ಪೀಕರಿನಿಂದ ದರ್ಜಿಯಮ್ಮನ ಮಾತು ಬಂತು: ಕ್ಯಾನ್‌ವಾಸು, ಎಂಟು ಜೇಬು, ಠಾಣೆಯ ನಗು, ಇಟ್ಟುಕೊಂಡು ಕಳೆದ ಕೋಟು, ಹನ್ನೊಂದು ದಿನ. ಡ್ರೈವರು ಸ್ಪೀಕರಿನ ಕಡೆ ಬಾಗಿ, ಎಂಜಿನ್ನಿನ ತೊಂದರೆ ಪತ್ತೆ ಮಾಡುವವರ ಹಾಗೆ ಕೇಳಿದರು. ಮುಗಿದ ಮೇಲೆ ಇನ್ನೊಂದು ಸಲ ಹಾಕಿಸಿದರು. ನನ್ನ ಎದೆ ಹಗುರಾಗುತ್ತಿತ್ತು. ಆಕೆಗೆ ಬೇಕಾದ್ದು ಕೊನೆಗೂ ಆಯಿತು ಎಂದುಕೊಂಡೆ.

ಅವರು ತಲೆಯೆತ್ತಿದಾಗ ಮುಖ ಕೆಂಪಾಗಿತ್ತು.

“ಮೂರು ಸಲ ಹೋದ್ಲಂತೆ,” ಎಂದರು. “ನಾಲ್ಕನೇ ಸಲ ಯಾಕೆ ಹೋಗ್ಲಿಲ್ಲ? ಹನ್ನೊಂದು ದಿನ ಇತ್ತಲ್ಲ. ದಿನಾ ಹೋಗ್ಬೇಕಿತ್ತು. ಠಾಣೆ ಬಾಗಿಲಲ್ಲಿ ಮಲಗ್ಬೇಕಿತ್ತು. ಹೋಗಿ ಕೇಳು ಅವಳನ್ನ.”

ನಾನು ಸ್ಪೀಕರನ್ನು ಆರಿಸಿದೆ.

ನಿರ್ದೇಶಕರು ಮುಂದೆ ಬಂದರು. “ನೀವು ಅನುಭವಿಸ್ತಾ ಇರೋದು ನಮಗೆ ಅರ್ಥ ಆಗುತ್ತೆ. ಸ್ವಲ್ಪ ಹೊತ್ತು ಬಿಟ್ಟು ಒಪ್ಪಿಗೆ ಹಾಳೆ...”

“ಅರ್ಥ ಆಗುತ್ತಾ ನಿಮಗೆ?” ಡ್ರೈವರು ಎದ್ದು ನಿಂತರು. “ಅವಳ ಮೇಲೆ ನನಗೆ ಸಿಟ್ಟಿದೆ. ಅದು ನನ್ನ ಸಿಟ್ಟು, ನಾನು ಇಟ್ಕೋತೀನಿ. ಅದನ್ನ ಸುಳ್ಳು ತೋರಿಸಿ ಬರಿಸ್ಬೇಕಾ ನೀವು? ನಾನೇನು ನಿಮ್ಮ ಕೈಯ ಬೊಂಬೆನಾ? ಅವಳ ಮಾತು ಹಾಕಿ, ಆಮೇಲೆ ಸಹಿ ಕೇಳಿ. ಅಲ್ಲೀವರೆಗೆ ನನ್ನ ಮುಖ, ನನ್ನ ಹೆಂಡ್ತಿ ಮುಖ, ಎರಡೂ ಎಲ್ಲೂ ಬರಕೂಡದು.” ಅಂಗಿಯ ಮೈಕನ್ನು ಕಿತ್ತು ನನ್ನ ಕೈಗೆ ಕೊಟ್ಟು, ಮೆಟ್ಟಿಲಿಳಿದು ಹೋದರು.

ಪರದೆಗಳನ್ನು ಸರಿಸುತ್ತ ನಿರ್ದೇಶಕರು ನನ್ನತ್ತ ತಿರುಗಲೂ ಇಲ್ಲ. “ಎರಡು ವರ್ಷದ ಕೆಲಸ,” ಎಂದರು. “ನಾಳೆಯಿಂದ ನೀನು ಬರೋದು ಬೇಡ.”

“ಬರಲ್ಲ ಸರ್,” ಎಂದೆ. ಹೊರಗೆ ಬಂದು ಗ್ರಂಥಾಲಯದ ಮೆಟ್ಟಿಲ ಮೇಲೆ ಕೂತೆ.

ಮಾರನೆಯ ಬೆಳಿಗ್ಗೆ ದರ್ಜಿಯಮ್ಮನ ಅಂಗಡಿಗೆ ಹೋದೆ. ಹೋಗುವ ದಾರಿಯುದ್ದಕ್ಕೂ ಏನು ಹೇಳುವುದು, ಏನು ಬಿಡುವುದು ಎಂದು ಜೋಡಿಸಿಕೊಳ್ಳುತ್ತಿದ್ದೆ. ಡ್ರೈವರು ಕೇಳಿದರು, ಸಹಿ ಹಾಕಲಿಲ್ಲ, ಅಷ್ಟು ಹೇಳಿದರೆ ಸಾಕು. ನಾಲ್ಕನೇ ಸಲದ ಮಾತು ಯಾಕೆ? ಆಕೆಗೆ ಈಗಿರುವ ನೋವೇ ಬೇಕಾದಷ್ಟಿದೆ. ಅಂಗಡಿಯ ಬಾಗಿಲಿಗೆ ಬಂದಾಗ ನನಗೆ ಹೊಳೆಯಿತು, ಇಷ್ಟು ಹೊತ್ತೂ ನಾನು ಮಾಡುತ್ತಿದ್ದುದು ಕತ್ತರಿಯ ಕೆಲಸವನ್ನೇ. ನನ್ನ ಮೇಲೇ ಹೇಸಿಗೆಯಾಯಿತು.

ಆಕೆ ಪ್ಯಾಂಟೊಂದರ ಹೊಲಿಗೆ ಬಿಚ್ಚುತ್ತಿದ್ದರು. ಮೊದಲಿನಿಂದ ಹೇಳತೊಡಗಿದೆ. ಮೌನದ ಮಾತು ಕೇಳಿ ಆಕೆಯ ಕೈ ನಿಂತಿತು.

“ಕೆಮ್ಮು ತಡ್ಕೊಂಡಿದ್ದನ್ನ ಅಳು ಅಂದ್ರಾ?”

“ಹೂಂ ಅಮ್ಮಾ. ತಪ್ಪು ಒಪ್ಕೊಂಡ ಹಾಗೆ ಕಾಣೋ ಥರ.”

“ನಿನ್ನ ಕೆಲಸ ಕೆಡಬಾರ್ದು ಅಂತ ಉಸಿರುಕಟ್ಟಿ ಕೂತೆ ನಾನು.” ಆಕೆ ನಗಲಿಲ್ಲ. “ನನ್ನ ಕೈ ಹಿಡ್ಕೊಂಡು ಅಮ್ಮಾ ಅಂದ್ರಲ್ಲ ಆ ಮನುಷ್ಯ. ಅಮ್ಮ ಅಂದೋರೆಲ್ಲಾ ಹೀಗೇನೇ ನನಗೆ.” ಬ್ಲೇಡನ್ನು ಮೇಜಿನ ಮೇಲೆ ಬಡಿದಿಟ್ಟರು. ಆಮೇಲೆ ಆಕೆಗೆ ನಿಜಕ್ಕೂ ಬೇಕಾಗಿದ್ದುದನ್ನು ಕೇಳಿದರು. “ಅವರು ಕೇಳಿಸ್ಕೊಂಡ್ರಾ? ಡ್ರೈವರಪ್ಪ?”

“ಎರಡು ಸಲ.”

“ಏನಂದ್ರು?”

“ನಾಲ್ಕನೇ ಸಲ ಯಾಕೆ ಹೋಗ್ಲಿಲ್ಲ ಅಂತ ಕೇಳಿದ್ರು ಅಮ್ಮಾ. ಠಾಣೆ ಬಾಗಿಲಲ್ಲೇ ಮಲಗ್ಬೇಕಿತ್ತು ಅಂದ್ರು.”

ಆಕೆ ಬಹಳ ಹೊತ್ತು ಆ ಪ್ಯಾಂಟಿನ ಕಾಲನ್ನು ಮಡಿಸಿದರು, ಬಿಚ್ಚಿದರು, ಮತ್ತೆ ಮಡಿಸಿದರು.

“ಹೋಗಿದ್ದೆ,” ಎಂದರು. “ಮಾರುಕಟ್ಟೆಯದ್ದು ಆಗೋಕೆ ಎರಡು ದಿನ ಮುಂಚೆ. ಇದನ್ನ ನಿಮಗೂ ಹೇಳಿರ್ಲಿಲ್ಲ. ಬಾಗಿಲಲ್ಲಿ ನಿಂತಿದ್ದ ಪ್ಯಾದೆ ನನ್ನ ನೋಡಿದ್ದೇ ಒಳಗಿನವರಿಗೆ ಕೂಗಿದ, ‘ಜೇಬಿನಮ್ಮ ಬಂದ್ರು, ಎಲ್ಲರೂ ಜೇಬು ಮುಟ್ಟಿ ನೋಡ್ಕೊಳ್ಳಿ’ ಅಂತ. ಒಳಗೆಲ್ಲಾ ಹೋ ಅಂತ ನಗು. ನಾನು ಮೆಟ್ಟಿಲಿಂದಾನೇ ವಾಪಸ್ ಬಂದ್ಬಿಟ್ಟೆ. ನಾಚಿಕೆ ಆಯ್ತು ಕಣಮ್ಮ. ನಾಚಿಕೆ! ಅಷ್ಟು ಜನದ ಜೀವಕ್ಕಿಂತ ನನ್ನ ನಾಚಿಕೆ ದೊಡ್ಡದಾಯ್ತು ನನಗೆ.”

ನಾನು ರೆಕಾರ್ಡರಿನ ಚೀಲಕ್ಕೆ ಕೈ ಹಾಕಿದ್ದನ್ನು ಆಕೆ ನೋಡಿದರು.

“ಬೇಡ. ಮಿಷನ್ ಸಾಕು. ಆ ಡ್ರೈವರಪ್ಪನ ಪಾಳಿ ಎಷ್ಟು ಹೊತ್ತಿಗೆ?”

ಬಸ್ ಡಿಪೋ ಅಲ್ಲಿಂದ ಇಪ್ಪತ್ತು ನಿಮಿಷದ ನಡಿಗೆ. ದಾರಿಯಲ್ಲಿ ಆಕೆ ಎರಡು ಸಲ ನಿಂತರು, ಎರಡು ಸಲವೂ ತಾವೇ ಮುಂದೆ ಹೊರಟರು. ಡ್ರೈವರು ಒಂದು ಬಸ್ಸಿನ ಹಿಂದಿನ ಚಕ್ರಕ್ಕೆ ಕಬ್ಬಿಣದ ಸಲಾಕೆಯಿಂದ ಬಡಿದು ಗಾಳಿ ನೋಡುತ್ತಿದ್ದರು. ಆಕೆಯನ್ನು ಕಂಡು ಸಲಾಕೆ ಎತ್ತಿದ ಕೈ ಹಾಗೇ ನಿಂತಿತು. ಸುತ್ತಲಿದ್ದ ನಾಲ್ಕಾರು ಜನ ತಿರುಗಿ ನೋಡಿದರು.

“ನಾಲ್ಕನೇ ಸಲ ಯಾಕೆ ಹೋಗ್ಲಿಲ್ಲ ಅಂತ ಕೇಳಿದ್ರಂತೆ,” ಎಂದರು ದರ್ಜಿಯಮ್ಮ. “ಹೇಳೋಕೆ ಬಂದೆ.”

ನನಗೆ ಹೇಳಿದ್ದನ್ನೇ ಹೇಳಿದರು. ಒಂದು ಮಾತು ಹೆಚ್ಚಿಲ್ಲ, ಕಡಿಮೆಯಿಲ್ಲ, ತಮ್ಮ ನಾಚಿಕೆಯನ್ನೂ ಬಿಡಲಿಲ್ಲ. ಡ್ರೈವರು ಆಕೆಯ ಮುಖ ನೋಡದೆ ಚಕ್ರವನ್ನೇ ನೋಡುತ್ತ ಕೇಳಿದರು. ಎರಡು ದಿನ ಎಂದಾಗ ಅವರ ದವಡೆ ಬಿಗಿಯಿತು. ಈಗ ಆಕೆಯ ಮೇಲೆ ಹರಿಹಾಯುತ್ತಾರೆ, ಹರಿಹಾಯಲು ಅವರಿಗೆ ಹಕ್ಕೂ ಇದೆ ಎಂದುಕೊಂಡು ನಾನು ಆಕೆಯ ಪಕ್ಕಕ್ಕೆ ಸರಿದು ನಿಂತೆ.

“ಏನಂದ ಅವನು?” ಎಂದು ಕೇಳಿದರು. “ಇನ್ನೊಂದ್ಸಲ ಹೇಳಿ.”

“ಜೇಬಿನಮ್ಮ ಬಂದ್ರು, ಎಲ್ಲರೂ ಜೇಬು ಮುಟ್ಟಿ ನೋಡ್ಕೊಳ್ಳಿ ಅಂತ.”

“ನಕ್ಕರಾ?”

“ನಕ್ಕರು.”

“ಎರಡು ದಿನ ಇರುವಾಗ.” ಸಲಾಕೆ ಕೈಯಿಂದ ಜಾರಿ ನೆಲಕ್ಕೆ ಬಿತ್ತು. “ಮನೇಲಿ ಆಗ ಅವಳು ಅಡುಗೆಗೆ ಏನು ತರ್ಲಿ ಅಂತ ಪಟ್ಟಿ ಬರೀತಿದ್ಲು. ಇವರು ನಗ್ತಿದ್ರು. ಹೆಸರೇನು ಅವನದು?”

“ಹೆಸರು ಗೊತ್ತಿಲ್ಲ.”

“ಮುಖ?”

“ಮರೆಯೋ ಮುಖವಾ ಅದು!” ಮೊದಲ ಬಾರಿಗೆ ಆಕೆಯ ದನಿಯೂ ಏರಿತು. “ಸಾವಿರ ಜನರ ಮಧ್ಯೆ ಇದ್ರೂ ಕೈ ಹಿಡಿದು ತೋರಿಸ್ತೀನಿ.”

“ದಾಖಲೆಯಲ್ಲಿ ಇಲ್ಲ ಅಂತಾರಂತೆ. ಇಲ್ಲಾಂತ ನನ್ನ ಮುಖಕ್ಕೆ ಹೇಳ್ಲಿ ನೋಡೋಣ.” ಡ್ರೈವರು ಅಂಗಿಯ ತೋಳಿಗೆ ಕೈ ಒರೆಸಿಕೊಂಡು ನನ್ನ ಕಡೆ ತಿರುಗಿದರು. “ನಿನ್ನ ನೋಟ್‌ಬುಕ್ಕಲ್ಲಿ ಅದೆಲ್ಲಾ ಬರೆದಿದೆಯಲ್ವಾ, ಯಾವತ್ತು ಯಾರು ಏನು ಹೇಳಿದ್ರು ಅಂತ?”

“ಇದೆ ಅಣ್ಣಾ. ಈಗ ಹೇಳಿದ್ದು ಮಾತ್ರ ಬರೆದಿಲ್ಲ.”

“ಬಸ್ಸಲ್ಲಿ ಕೂತು ಬರ್ಕೋ. ನನ್ನ ಮುಂದಿನ ಟ್ರಿಪ್ಪು ಆ ಕಡೆಗೇನೇ. ಠಾಣೆ ಎದುರೇ ನಿಲ್ದಾಣ, ಅಲ್ಲಿ ಇಳೀರಿ. ಕೊನೇ ನಿಲ್ದಾಣದಲ್ಲಿ ಬಸ್ ಬಿಟ್ಟು ನಾನೂ ಬರ್ತೀನಿ. ನಾನು ಬರೋವರೆಗೆ ಏನಾದ್ರೂ ಆಗ್ಲಿ, ಬಾಗಿಲಿಂದ ಅಲ್ಲಾಡ್ಬೇಡಿ.” ಆಕೆ ಏನೋ ಹೇಳಲು ಬಾಯಿ ತೆರೆದರು. ಅವರು ಕೈ ಅಡ್ಡ ಹಿಡಿದರು. “ನಿಮ್ಮನ್ನ ಕ್ಷಮಿಸಿದೀನಿ ಅಂದ್ಕೋಬೇಡಿ.”

“ಅಂದ್ಕೊಂಡಿಲ್ಲ.”

“ಹತ್ತಿ ಹಾಗಾದ್ರೆ. ಹೊರಡೋ ಹೊತ್ತಾಯ್ತು.”

ಮೆಟ್ಟಿಲು ಎತ್ತರವಿತ್ತು. ದರ್ಜಿಯಮ್ಮ ಸೆರಗು ಬಿಗಿದುಕೊಂಡು, ಕಂಬಿ ಹಿಡಿದು, ನನಗಿಂತ ಮೊದಲೇ ಹತ್ತಿದರು.